ಹೊಸ ಅರಳೆ

ಹನ್ನೊಂದನೆಯ ದಿನ ಬೆಳಿಗ್ಗೆ ಹಲ್ಲುಜ್ಜುತ್ತ ನಿಂತಿದ್ದವನಿಗೆ ತಾನು ಹಾಡು ಗುನುಗುತ್ತಿದ್ದೇನೆ ಎಂದು ಗೊತ್ತಾದದ್ದು ಬಾಯಿಯ ನೊರೆ ಕನ್ನಡಿಗೆ ಸಿಡಿದಾಗ. ಕನ್ನಡಿಯ ಕೆಳಗೆ ಈ ಮನೆಯ ಯಜಮಾನನ ಕ್ಷೌರದ ಬ್ರಶ್ಶು ಒಣಗಿ ಮುಳ್ಳಿನಂತೆ ನಿಂತಿತ್ತು. ಹನ್ನೊಂದು ದಿನದಿಂದ ಅದು ನೀರು ಕಂಡಿರಲಿಲ್ಲ. ಆ ಯಜಮಾನನನ್ನು ಯಾರೋ ಎತ್ತಿಕೊಂಡು ಹೋಗಿ ಎಲ್ಲೋ ಕೂಡಿಹಾಕಿದ್ದರು, ಬಿಡಬೇಕಾದರೆ ಹಣ ಕೇಳುತ್ತಿದ್ದರು, ಅವನನ್ನು ಜೀವಂತವಾಗಿ ಮನೆಗೆ ತರಿಸುವುದು ತನ್ನ ಕೆಲಸ. ಅಂಥ ಮನೆಯ ಬಚ್ಚಲಲ್ಲಿ ನಿಂತು ಹಾಡಿಕೊಳ್ಳುವುದೆಂದರೆ! ಅವನು ನಲ್ಲಿಯನ್ನು ಜೋರಾಗಿ ಬಿಟ್ಟು ನಾಚಿಕೆಯನ್ನು ನೀರಿನ ಸದ್ದಿನಲ್ಲಿ ಮುಳುಗಿಸಲು ನೋಡಿದ. ಆದರೂ ಎದೆಯೊಳಗೆ ಏನೋ ಒಂದು, ಮಧ್ಯಾಹ್ನವೇ ಶಾಲೆ ಬಿಟ್ಟಂತೆ, ಕುಪ್ಪಳಿಸುತ್ತಲೇ ಇತ್ತು. ಈ ಕೆಲಸಕ್ಕೆ ಸೇರಿ ಇಪ್ಪತ್ತು ವರ್ಷವಾಗಿತ್ತು. ಎಷ್ಟೋ ಮನೆಗಳ ಬಚ್ಚಲಲ್ಲಿ ಹಲ್ಲುಜ್ಜಿದ್ದ, ಎಷ್ಟೋ ಮನೆಗಳ ಅಳುವಿನ ನಡುವೆ ಊಟ ಮಾಡಿ ಕೈ ತೊಳೆದಿದ್ದ. ಹಾಡಿರಲಿಲ್ಲ.

ಮನೆ ಹಾಸಿಗೆ ಕಾರ್ಖಾನೆಯ ಮೇಲಿತ್ತು. ಕಾರ್ಖಾನೆ ಎಂದರೆ ದೊಡ್ಡದೇನಲ್ಲ: ಅರಳೆ ಹಿಂಜುವ ಒಂದು ಯಂತ್ರ, ಗವುಸಿನ ಬಟ್ಟೆ ಕತ್ತರಿಸುವ ಉದ್ದನೆಯ ಮೇಜು, ನೆಲದ ಮೇಲೆ ಕಾಲು ಚಾಚಿ ಕೂತು ದಬ್ಬಳದಿಂದ ಹಾಸಿಗೆ ಹೊಲಿಯುವ ಆರು ಜನ. ಕೆಲಸ ನಿಲ್ಲಿಸಬೇಡಿ ಎಂದು ಮೊದಲ ದಿನವೇ ಹೇಳಿದವನು ಅವನೇ; ಬಾಗಿಲು ಮುಚ್ಚಿದರೆ ಬೀದಿಗೆ ಬೀದಿಯೇ ಬಂದು ಪಡಸಾಲೆಯಲ್ಲಿ ಕೂರುತ್ತದೆ. ಹಾಗಾಗಿ ಬೆಳಿಗ್ಗೆ ಎಂಟಕ್ಕೆ ಯಂತ್ರ ಗುರ್ರೆಂದು ಶುರುವಾದರೆ ಮೆಟ್ಟಿಲಿನ ಸಂದಿಯಿಂದ ಅರಳೆಯ ಎಳೆಗಳು ಮೇಲೆ ತೇಲಿ ಬಂದು, ಕಿಟಕಿಯ ಬಿಸಿಲಲ್ಲಿ ಏಳುತ್ತ ಬೀಳುತ್ತ, ಇವತ್ತು ಯಾರ ಮೂಗಿಗೆ ಹೋಗೋಣ ಎಂದು ಹುಡುಕುತ್ತಿದ್ದವು. ಕಣ್ಣೀರು ಒರೆಸಿಕೊಳ್ಳುತ್ತಿದ್ದವರು ಸೀನುತ್ತಿದ್ದರು. "ನನ್ನಣ್ಣನ ಮೈ ಮೇಲೆ ಒಂದು ಗೀರು ಬಿದ್ರೂ ನಾನು ಅವರ ವಂಶ..." ಎಂದು ಹಲ್ಲು ಕಡಿಯುತ್ತಿದ್ದ ಯಜಮಾನನ ತಮ್ಮ ಆ ವಂಶವನ್ನು ಏನು ಮಾಡುತ್ತೇನೆಂದು ಹೇಳುವ ಮೊದಲೇ ನಾಲ್ಕು ಸಲ ಸೀನಿ, ಕೊನೆಗೆ ಕರ್ಚೀಫು ಕೇಳಿದ್ದ.

ಅವನ ಕೆಲಸದ ರೀತಿ ಇದು: ಅವನು ಫೋನಿನಲ್ಲಿ ಮಾತಾಡುವುದಿಲ್ಲ, ಒಂದಕ್ಷರವೂ ಇಲ್ಲ. ಮನೆಯವರಲ್ಲೇ ಒಬ್ಬರನ್ನು ಆರಿಸಿ ಮಾತಿಗೆ ಕೂರಿಸುತ್ತಾನೆ. ಎಲ್ಲರಿಗೂ ಕೇಳುವಂತೆ ಫೋನಿನ ಸ್ಪೀಕರ್ ಹಾಕಿಸಿ, ತಾನು ಎದುರಿಗೆ ಕೂತು ರಟ್ಟಿನ ಕಾರ್ಡುಗಳನ್ನು ಎತ್ತಿ ಹಿಡಿಯುತ್ತಾನೆ. 'ನಿಧಾನ', 'ಸುಮ್ಮನಿರಿ', 'ಅವನ ಮಾತನ್ನೇ ತಿರುಗಿ ಹೇಳಿ', 'ಈಗ ಅಳಬಹುದು'. ಅಂಗೈಯಗಲದ ದಪ್ಪ ಅಕ್ಷರಗಳು, ಒಂದನೇ ತರಗತಿಯವರಿಗೆ ತೋರಿಸುವಂಥವು. ಅದಕ್ಕೇ ಎರಡನೆಯ ದಿನದಿಂದ ಈ ಮನೆಯವರು ಅವನನ್ನು ಮೇಷ್ಟ್ರು ಎಂದು ಕರೆಯತೊಡಗಿದ್ದರು. ಮಾತಿಗೆ ಯಾರು ಎಂದು ಆರಿಸುವಾಗ ತಮ್ಮ ತಾನೇ ಎಂದು ಎದ್ದು ನಿಂತಿದ್ದ; ಸಿಟ್ಟಿನವರು ಬೇಡ. ಹೆಂಡತಿಗೆ ಹೆದರಿಕೆಯಾದರೆ ನಗು ಬರುತ್ತಿತ್ತು, ಗಂಡನನ್ನು ಹಿಡಿದೊಯ್ದ ಸುದ್ದಿ ಕೇಳಿದಾಗಲೂ ಗೋಡೆ ಹಿಡಿದುಕೊಂಡು ನಕ್ಕಿದ್ದಳಂತೆ, ಆಗದು. ಉಳಿದವರು ಅವಳ ತಾಯಿ, ಎಂದರೆ ಯಜಮಾನನ ಅತ್ತೆ. ಆ ಮುದುಕಿ ಅಡಿಗೆಮನೆಯ ಬಾಗಿಲಲ್ಲಿ ನಿಂತು, "ನನ್ನನ್ನ ಕೇಳ್ಬೇಡಿಪ್ಪ. ಆ ಮನುಷ್ಯನ ಜೊತೆ ನಾನು ಮಾತು ಬಿಟ್ಟು ಆರು ವರ್ಷ ಆಯ್ತು" ಎಂದರು. ಇಡೀ ಮನೆಯಲ್ಲಿ ಕಣ್ಣು ಒಣಗಿದ್ದದ್ದು ಅವರದೊಂದೇ. "ಹಾಗಾದ್ರೆ ನೀವೇ ಸರಿ ಅಮ್ಮ" ಎಂದುಬಿಟ್ಟ. ಸೆರೆಸಿಕ್ಕವನ ಹೆಸರನ್ನು ಮತ್ತೆ ಮತ್ತೆ ಹೇಳುತ್ತಿರಬೇಕು, ಆಗ ಹಿಡಿದವರಿಗೆ ಅವನೊಬ್ಬ ಮನುಷ್ಯ ಎಂದು ಅನ್ನಿಸುತ್ತದೆ, ಅದು ಮೇಷ್ಟ್ರನ್ನು ಇಂಥ ಮನೆಗಳಿಗೆ ಕಳಿಸುವ ಕಚೇರಿ ಕಲಿಸಿದ ಮೊದಲ ಪಾಠ. ಅವನು 'ಹೆಸರು ಹೇಳಿ' ಎಂಬ ಕಾರ್ಡನ್ನು ಎತ್ತಿ ಎತ್ತಿ ತೋಳು ನೋಯಿಸಿಕೊಂಡ. ಅತ್ತೆ ಅದನ್ನು ನೋಡುತ್ತಿದ್ದರು, ತಲೆಯಾಡಿಸುತ್ತಿದ್ದರು, ಆಮೇಲೆ "ಆ ಮನುಷ್ಯ ಊಟ ಮಾಡಿದ್ನಾ?" ಎನ್ನುತ್ತಿದ್ದರು. ನಾಲ್ಕನೆಯ ದಿನದ ಹೊತ್ತಿಗೆ ಆ ಕಡೆಯವನೂ "ಆ ಮನುಷ್ಯ ಮಾಡ್ದ ಅಜ್ಜೀ" ಎನ್ನತೊಡಗಿದ್ದ.

ಆ ಕಡೆಯವನು ಎಂದರೆ ಗಂಟಲು. ದಿನಾ ಬೆಳಿಗ್ಗೆ ಹನ್ನೊಂದಕ್ಕೆ ಫೋನು ಮಾಡುವವನು ಅವನೊಬ್ಬನೇ, ಮಾತಿಗೆ ಮೊದಲು ಯಾವಾಗಲೂ ಗರಗರ ಕೆಮ್ಮುತ್ತಿದ್ದ. ಹೆಸರು ಗೊತ್ತಿಲ್ಲದ್ದರಿಂದ ಹಾಗೆ ಕರೆದುಕೊಂಡಿದ್ದರು. ಮೊದಲ ದಿನ "ಏ ಮುದುಕಿ, ಬಾಯಿ ಮುಚ್ಕೊಂಡು ಕೇಳು" ಎಂದು ಶುರು ಮಾಡಿದವನು ಏಳನೆಯ ದಿನ "ರಾತ್ರಿಯೆಲ್ಲಾ ನಿದ್ದೆ ಇಲ್ಲ ಅಜ್ಜೀ, ಇದೇನು ದರಿದ್ರ ಕೆಮ್ಮೋ" ಎಂದಿದ್ದ. ಏಳನೆಯ ದಿನ. ಅದನ್ನು ನೆನೆದ ಕೂಡಲೇ ಬಚ್ಚಲಲ್ಲಿ ಮುಖ ಒರೆಸಿಕೊಳ್ಳುತ್ತಿದ್ದ ಮೇಷ್ಟ್ರ ಕೈಯಲ್ಲಿದ್ದ ಟವಲು ಹಾಗೇ ನಿಂತಿತು. "ಬಿಸಿನೀರಿಗೆ ಉಪ್ಪು ಹಾಕಿ ಗಳಗಳ ಮಾಡೋ ಮುಂಡೇದೇ, ನಿಮ್ಮಮ್ಮ ಅಷ್ಟೂ ಹೇಳ್ಕೊಟ್ಟಿಲ್ವಾ?" ಎಂದು ಅತ್ತೆ ಗದರಿದಾಗ ಆ ಕಡೆಯಿಂದ ಒಂದು ಸಣ್ಣ, ವಿನಯದ ದನಿ: "ಎಷ್ಟು ಉಪ್ಪು?" ಅಷ್ಟೇ. ಇಪ್ಪತ್ತು ವರ್ಷದಲ್ಲಿ ಒಂದು ಸಲವೂ ಉಸಿರು ಕೇಳಿಸದಂತೆ ಕೂತವನ ಹೊಟ್ಟೆಯ ಆಳದಿಂದ ನಗು ಎದ್ದು, ಬಾಯಿಗೆ ಅಡ್ಡ ಹಿಡಿದ ಕೈಯನ್ನೂ ದಾಟಿ, ಫುರ್ರೆಂದು ಹೊರಗೆ ಬಂದಿತ್ತು. "ಯಾರು ನಗ್ತಿರೋದು? ನಮ್ಮನ್ನ ನೋಡಿ ನಗ್ತೀರಾ?" ಎಂದು ಗಂಟಲು ಕಿರುಚಿ ಫೋನಿಟ್ಟ. ಆಮೇಲೆ ಎರಡು ದಿನ ಫೋನು ಬರಲೇ ಇಲ್ಲ.

ಅತ್ತೆ ಮಗಳ ಕಡೆ ತಿರುಗಿ, "ನಿನ್ನ ಹಲ್ಲು ಉದುರಿಹೋಗಾ! ಒಂದು ಗಳಿಗೆ ತಡ್ಕೊಳ್ಳಕ್ಕೆ ಆಗಲ್ವೇನೇ?" ಎಂದಿದ್ದರು. ಅವಳ ಮೈದುನ, ಎಂದರೆ ಯಜಮಾನನ ತಮ್ಮ, ಅತ್ತಿಗೆಯ ಮುಖ ನೋಡದೆ ಎದ್ದು ಹೋಗಿದ್ದ. ಹೆಂಡತಿ ಒಂದು ಸಲ ಮೇಷ್ಟ್ರ ಕಡೆ ನೋಡಿ, ತಲೆ ತಗ್ಗಿಸಿ, "ತಪ್ಪಾಯ್ತು" ಎಂದಿದ್ದಳು. ಅವನು ಬಾಯಿ ತೆರೆದಿದ್ದ, ನಿಜವಾಗಿಯೂ ತೆರೆದಿದ್ದ. ಆದರೆ ಆ ತೆರೆದ ಬಾಯಿಂದ ಬಂದದ್ದು "ಗಾಬರಿ ಬೇಡ, ಇಂಥದ್ದೆಲ್ಲ ಆಗತ್ತೆ" ಎಂಬ ಮಾತು. ದೊಡ್ಡ ಮನಸ್ಸಿನವನಂತೆ! ಅವಳ ತಪ್ಪನ್ನು ಕ್ಷಮಿಸುವವನಂತೆ! ಆ ಎರಡು ದಿನ ಅವಳು ತಟ್ಟೆಯ ಮುಂದೆ ಕೂತು ಏಳುತ್ತಿದ್ದಳು, ತುತ್ತು ಎತ್ತುತ್ತಿರಲಿಲ್ಲ. ಅವನು ಅವಳ ಎದುರಿಗೇ ಕೂತು ಎರಡನೆಯ ಸಲ ಬಡಿಸಿಕೊಂಡಿದ್ದ. ತಿನ್ನುತ್ತಿರುವುದು ತನ್ನ ಬಾಯಿಯೇ ಹೌದೋ ಎಂದು ಅನುಮಾನ ಬಂದರೂ ಅದು ತಿನ್ನುತ್ತಲೇ ಇತ್ತು. ಈ ಮನೆಯಲ್ಲಿ ಅವನಿಗೆ ಹಸಿವಾಗುತ್ತಿತ್ತು. ಅದೇ ಅವನ ಗುಟ್ಟು, ಅದೇ ಅವನ ಭಯ. ನಿಧಾನ ಮಾಡುವುದು ಅವನ ವಿದ್ಯೆ: ಅವಸರ ತೋರಿಸಿದರೆ ಬೆಲೆ ಏರುತ್ತದೆ, ಬೆಲೆ ಏರಿದರೆ ಆಸೆ ಏರುತ್ತದೆ, ಆಸೆ ಏರಿದವರು ಬಿಡುವುದಿಲ್ಲ. ಆದರೆ ಈ ಮನೆಯಲ್ಲಿ ಮಾಡಿದ ನಿಧಾನ ವಿದ್ಯೆಯೋ, ಅಥವಾ ಈ ಪಡಸಾಲೆಯ ಮೂಲೆಯ ಕುರ್ಚಿ, "ಮೇಷ್ಟ್ರೇ, ಚಹಾಕ್ಕೆ ಸಕ್ಕರೆ ಸಾಕಾ?" ಎಂಬ ಕೂಗು, ಸಂಜೆ ಅತ್ತೆ ಮೈದುನನ ಜೊತೆ ಆಡುವ ಇಸ್ಪೀಟಿನಲ್ಲಿ ಮೋಸ ಮಾಡುವುದನ್ನು ನೋಡಿಯೂ ನೋಡದಂತಿರುವ ಸುಖ, ಇವೆಲ್ಲ ಇನ್ನೊಂದು ದಿನ ಇರಲಿ ಎಂಬ ಕಳ್ಳತನವೋ? ಒಬ್ಬ ಮನುಷ್ಯ ಎಲ್ಲೋ ಕತ್ತಲೆಯಲ್ಲಿ ಗೋಡೆಗೊರಗಿ ಕೂತಿರುವುದರಿಂದ ತಾನು ಇಲ್ಲಿ ಬಿಸಿಲಿನಲ್ಲಿ ಕೂತಿದ್ದೇನೆ. ಅವನು ಬಂದ ಗಳಿಗೆಯಲ್ಲಿ ತಾನು ಏಳಬೇಕು.

ಹತ್ತನೆಯ ದಿನ, ಎಂದರೆ ನಿನ್ನೆ, ಗಂಟಲು ಮತ್ತೆ ಫೋನು ಮಾಡಿದ್ದ. ಮೊತ್ತದ ಮಾತು ಅವತ್ತೇ ಮುಗಿಯಿತು, ಬೇಗ ಮುಗಿಯಿತು. ಅದೇ ಅವನಿಗೆ ಸರಿಬರಲಿಲ್ಲ. ಬೆಲೆ ಇಳಿಸದವರು ಒಮ್ಮೆಲೇ ಇಳಿಸಿದರೆಂದರೆ ಕೈಯಲ್ಲಿ ಮಾಲು, ಎಂದರೆ ಜೀವಂತ ಮನುಷ್ಯ, ಇಲ್ಲದಿರಬಹುದು. ಅವನು 'ಪ್ರಶ್ನೆ' ಎಂಬ ಕಾರ್ಡನ್ನು ಎತ್ತಿದ. ಇದು ಪದ್ಧತಿ: ಹಣ ಕೊಡುವ ಮೊದಲು ಸೆರೆಯಲ್ಲಿರುವವನಿಗೆ ಮಾತ್ರ ಉತ್ತರ ಗೊತ್ತಿರುವ ಒಂದು ಪ್ರಶ್ನೆ ಕಳಿಸಬೇಕು, ಸರಿಯುತ್ತರ ಬಂದರೆ ಅವನು ಬದುಕಿದ್ದಾನೆ. ಅವನಿರುವ ಕಡೆಗೆ ಫೋನು ಒಯ್ಯುವುದಿಲ್ಲ, ಏನಿದ್ದರೂ ಬಾಯಲ್ಲಿ ಕೇಳಿಕೊಂಡು ಬರುತ್ತೇನೆ ಎಂದು ಗಂಟಲು ಮೊದಲಿನಿಂದಲೂ ಹೇಳುತ್ತಿದ್ದ. ಏನು ಕೇಳಬೇಕೆಂದು ಮನೆಯವರು ಯೋಚಿಸುವ ಮೊದಲೇ ಅತ್ತೆ ಫೋನಿಗೆ ಹೇಳಿಬಿಟ್ಟಿದ್ದರು: "ಹೋಗಿ ಕೇಳು ಆ ಮನುಷ್ಯನ್ನ. ನನ್ನ ಗಂಡ ಕೊನೇಲಿ ಮಲಗಿದ್ದ ಹಾಸಿಗೆಗೆ ಏನು ತುಂಬಿದ್ದೆ ಅಂತ."

ಫೋನಿಟ್ಟ ಮೇಲೆ ಒಬ್ಬರ ಮಾತನ್ನು ಇನ್ನೊಬ್ಬರು ಕತ್ತರಿಸುತ್ತ ಮೂವರೂ ಅವನಿಗೆ ಕತೆ ಹೇಳಿದರು. ಆರು ವರ್ಷದ ಹಿಂದೆ ಮಾವ ಹಾಸಿಗೆ ಹಿಡಿದಾಗ ಅಳಿಯ ತಾನೇ ಕೂತು ಅವರಿಗೊಂದು ಹಾಸಿಗೆ ಮಾಡಿಕೊಟ್ಟ. ಹೊಸ ಅರಳೆ, ಎಂದ. ಮಾವ ಅದರ ಮೇಲೇ ಹೋದರು. ಮೂರನೆಯ ದಿನ ಅತ್ತೆಗೆ ಅದೇನನ್ನಿಸಿತೋ, ಕತ್ತರಿ ತಂದು ಹೊಲಿಗೆ ಬಿಚ್ಚಿ, ಇಡೀ ಮನೆಯೆದುರು ಹಿಡಿಹಿಡಿಯಾಗಿ ಹೊರಗೆಳೆದರು: ಹಳದಿ ತಿರುಗಿದ, ಗಂಟುಗಂಟಾದ, ಎಷ್ಟೋ ವರ್ಷದ ಹಳೇ ಅರಳೆ. ಸಾಯುವವನಿಗೆ ಹೊಸದು ಯಾಕೆ ದಂಡ ಅಂದ್ಕೊಂಡ್ಯಾ, ಎಂದು ಕೇಳಿದರು. ಅಳಿಯ ಕಾಲ ಬಳಿ ಬಿದ್ದಿದ್ದ ಆ ಅರಳೆಯನ್ನೇ ನೋಡುತ್ತ, "ಹೊಸದು" ಎಂದ. ಅಲ್ಲಿಗೆ ಮಾತು ನಿಂತಿತು. ಅಂದಿನಿಂದ ಒಂದೇ ಮೇಜಿನಲ್ಲಿ ಕೂತು, "ಅವರಿಗೆ ಉಪ್ಪು ಬೇಕಾ ಕೇಳು", "ಬೇಡ ಅಂತ ಹೇಳು" ಎಂದು ಮಗಳ ಮೂಲಕವೇ ಬದುಕುತ್ತಿದ್ದಾರೆ. "ಉತ್ತರ?" ಎಂದು ಅವನು ಕೇಳಿದ. "ಹಳೇ ಅರಳೆ" ಎಂದು ಮೂವರೂ ಒಂದೇ ಉಸಿರಿಗೆ ಅಂದರು. ಅವನು ಕಚೇರಿಯ ನಮೂನೆಯಲ್ಲಿ ಹಾಗೇ ಬರೆದುಕೊಂಡ. ನಮೂನೆಯ ಕೆಳಗೆ ಎರಡು ಚೌಕಗಳಿದ್ದವು: ಉತ್ತರ ಸರಿ, ಉತ್ತರ ತಪ್ಪು. ಮೂರನೆಯ ಚೌಕ ಇರಲಿಲ್ಲ.

ಈಗ ಹನ್ನೊಂದಾಗಲು ಐದು ನಿಮಿಷ. ಅತ್ತೆ ಕುರ್ಚಿಯಲ್ಲಿ ಕೂತು ಎರಡೂ ಕೈಯನ್ನು ಮಡಿಲಲ್ಲಿಟ್ಟುಕೊಂಡಿದ್ದರು. ಹೆಂಡತಿ ಕಿಟಕಿಯ ಹತ್ತಿರ, ನಗು ಬಂದರೆ ಕಚ್ಚಿಕೊಳ್ಳಲು ಒಂದು ಕರವಸ್ತ್ರ ಹಿಡಿದು ನಿಂತಿದ್ದಳು. ಮೈದುನ ಎಂದಿನಂತೆ ಗೋಡೆಗೆ ಒರಗಿದ್ದ. ಫೋನು ಬಡಿದುಕೊಂಡಿತು, ಕೆಮ್ಮು ಬಂತು. ಮೊದಲಿನಷ್ಟು ಗರಗರ ಇರಲಿಲ್ಲ.

"ಅಜ್ಜೀ, ಉತ್ತರ ತಂದಿದೀನಿ."

"ಗಂಟಲು ಪರವಾಗಿಲ್ವೇನೋ?"

"ಪರವಾಗಿಲ್ಲ. ಬರ್ಕೊಳ್ಳಿ."

"ಬರ್ಕೊಳ್ಳಕ್ಕೆ ನಾನೇನು ಗುಮಾಸ್ತಳಾ? ಹೇಳು."

ಕಾಗದ ಬಿಡಿಸುವ ಸದ್ದು. ಆಮೇಲೆ ಗಂಟಲು ಪಾಠ ಒಪ್ಪಿಸುವವನಂತೆ ಓದಿದ: "'ಹೊಸ ಅರಳೆ. ನನ್ನ ಕೈಯಾರೆ ಹಿಂಜಿ ತುಂಬಿದ್ದು. ಅನುಮಾನ ಇದ್ರೆ ಇನ್ನೊಂದು ಸಲ ಹರಿದು ನೋಡ್ಲಿ.' ಇಷ್ಟೇ. ಒಂದಕ್ಷರ ಬಿಡದೆ ಹೇಳ್ಬೇಕು ಅಂದ. ಮತ್ತೆ ನೋಡಿ ಅಜ್ಜೀ, ಸಾಯಂಕಾಲ ನಾಲ್ಕರೊಳಗೆ ಆಗ್ಬೇಕು. ಆಮೇಲೆ ಅವನು ನಮ್ಮ ಕೈಲಿರಲ್ಲ, ಬೇರೆಯವರು ಬಂದು ಕರ್ಕೊಂಡ್ಹೋಗ್ತಾರೆ. ಅವರು ನನ್ನ ಥರ ಮಾತಾಡೋ ಜನ ಅಲ್ಲ."

ತಪ್ಪು. ಉತ್ತರ ತಪ್ಪು, ಹೇಳಿದವನು ಯಜಮಾನನಲ್ಲ, ಊಹಿಸಿ ಹೇಳಿದ್ದಾರೆ, ಹಾಸಿಗೆಯವನ ಮನೆಯ ಪ್ರಶ್ನೆಗೆ ಹೊಸ ಅರಳೆ ಎಂದು ಯಾರು ಬೇಕಾದರೂ ಊಹಿಸಬಹುದು, ತಾನು ಹನ್ನೊಂದು ದಿನ ಹಾಡಿಕೊಂಡು, ಬಡಿಸಿಕೊಂಡು, ನಗುತ್ತ ಕೂತಿದ್ದು ಒಬ್ಬ ಸತ್ತವನ ಕುರ್ಚಿಯ ಪಕ್ಕದಲ್ಲಿ. ಅವನು 'ಇನ್ನೊಂದು ಪ್ರಶ್ನೆ' ಎಂಬ ಕಾರ್ಡಿಗೆ ಕೈ ಹಾಕಿದ, ಕಾರ್ಡುಗಳೆಲ್ಲ ಜಾರಿ ನೆಲಕ್ಕೆ ಬಿದ್ದು ಚೆಲ್ಲಾಪಿಲ್ಲಿಯಾದವು. ತಲೆಯೆತ್ತಿದಾಗ ಏನು ನೋಡುವುದು: ಹೆಂಡತಿಯ ಬಾಯಿಂದ ಕರವಸ್ತ್ರ ಕೆಳಗೆ ಬಿದ್ದಿತ್ತು, ಅವಳು ಕಿಟಕಿಯ ಸರಳು ಹಿಡಿದು ನಗುತ್ತಿದ್ದಳು. ಮೈದುನ ಗೋಡೆಗೆ ದಬದಬ ಗುದ್ದುತ್ತ, "ಅಣ್ಣಾ! ಅಣ್ಣಾ! ಹರಿದು ನೋಡ್ಲಿ ಅಂತೆ!" ಎಂದು ಕುಣಿಯುತ್ತಿದ್ದ. ಅತ್ತೆ ಎದ್ದು ನಿಂತಿದ್ದರು, ಮುಖ ಕೆಂಪಾಗಿತ್ತು, ಫೋನನ್ನು ಬಾಯಿಗೆ ಒತ್ತಿ ಹಿಡಿದು ಕೂಗಿದರು: "ಸುಳ್ಳ! ಮಹಾ ಸುಳ್ಳ! ಹೋಗಿ ಹೇಳು ಅವನಿಗೆ! ಈ ಎರಡು ಕಣ್ಣಲ್ಲಿ ಕಂಡಿದೀನಿ ನಾನು, ಹಳೇ ಅರಳೆ, ಹಳೇ ಅರಳೆ, ಹಳೇ ಅರಳೆ!"

"ತಪ್ಪಾ ಅಜ್ಜೀ?" ಗಂಟಲಿನ ದನಿ ನಡುಗಿತು. "ಅವನು ಹೇಳಿದ್ದನ್ನೇ ತಂದಿದೀನಿ, ನನ್ನಾಣೆ."

"ಪೂರ್ತಿ ತಪ್ಪು ಕಣೋ!"

"ಮತ್ತೆ ಎಲ್ರೂ ಯಾಕೆ ನಗ್ತಿದೀರ?"

ಯಾಕೆ ನಗುತ್ತಿದ್ದಾರೆ? ಅವನೂ ಅದನ್ನೇ ಕೇಳಿಕೊಂಡ, ನೆಲದ ಮೇಲೆ ಮಂಡಿಯೂರಿ, ಕೈಯಲ್ಲಿ 'ಸುಮ್ಮನಿರಿ' ಹಿಡಿದುಕೊಂಡು. ಎಂಟು ವರ್ಷದ ಹಿಂದೆ ಇನ್ನೊಂದು ಮನೆ. ಕಂಬಳಿ ಹಾಸಿದ ತಣ್ಣನೆಯ ಕೋಣೆ, ಗೋಡೆ ಗಡಿಯಾರ, ಮೆಲ್ಲಗೆ ಮಾತಾಡುವ ಮೂವರು ಹೆಣ್ಣುಮಕ್ಕಳು. ಅಪ್ಪ ಚಿಕ್ಕಂದಿನಲ್ಲಿ ಸಾಕಿದ ನಾಯಿಯ ಹೆಸರೇನು? ಸರಿಯುತ್ತರ ಬಂದಿತ್ತು. ಅವನು ಸರಿ ಎಂಬ ಚೌಕದಲ್ಲಿ ಗೀಟು ಹಾಕಿ ಹಣ ಕಳಿಸಿದ್ದ. ಮನುಷ್ಯ ನಾಲ್ಕು ದಿನ ಮೊದಲೇ ಸತ್ತಿದ್ದ. ಮುಂದೆ ಬೇಕಾದೀತೆಂದು ಇಂಥ ನಾಲ್ಕಾರು ವಿಷಯಗಳನ್ನು ಹಿಡಿದವರು ಅವನಿಂದ ಮೊದಲೇ ಕೇಳಿಟ್ಟುಕೊಂಡಿದ್ದರು. ಹೆಣ್ಣುಮಕ್ಕಳು ಅವನನ್ನು ಬೈಯಲಿಲ್ಲ. ಹಿರಿಯವಳು ಬಾಗಿಲ ತನಕ ಬಂದು "ನಿಮ್ಮ ಕೊಡೆ" ಎಂದು ಕೊಟ್ಟಳು, ಅಷ್ಟೇ. ಸರಿಯುತ್ತರವನ್ನು ಸತ್ತವನ ಜೇಬಿನಿಂದಲೂ ತೆಗೆಯಬಹುದು. ಆದರೆ ಇದನ್ನು? ಜೀವ ಹೋಗುವ ಹೊತ್ತಲ್ಲಿ, ಕಟ್ಟಿಹಾಕಿದವನು ಬಂದು ಕೇಳಿದಾಗ, ಕಣ್ಣೆದುರು ಚೆಲ್ಲಿಬಿದ್ದಿದ್ದನ್ನೂ ಇಲ್ಲವೆನ್ನುವ ಈ ಹಟವನ್ನು ಯಾವ ಜೇಬಿನಿಂದ ತೆಗೆಯುತ್ತಾರೆ? ಇನ್ನೊಂದು ಸಲ ಹರಿದು ನೋಡ್ಲಿ! ಇಲ್ಲ ಇಲ್ಲ, ನಿಲ್ಲು. ನೀನು ಈ ಮನೆಯ ಅಮಲಿನಲ್ಲಿದ್ದೀಯ. ನಿನಗೆ ಇವರು ನಕ್ಕರೆ ನಗು ಬರುತ್ತದೆ. ಇನ್ನೊಂದು ಪ್ರಶ್ನೆ ಕಳಿಸು, ಪದ್ಧತಿ ಅದು. ಕಳಿಸಿದರೆ ಉತ್ತರ ನಾಳೆ ಹನ್ನೊಂದಕ್ಕೆ. ನಾಲ್ಕು ಗಂಟೆಗೆ ಬೇರೆಯವರು ಬರುತ್ತಾರೆ. ನಾಳೆಗೆ ತಳ್ಳಿದರೆ ಅದು ಪದ್ಧತಿಗೆ ಹೆದರಿ ತಳ್ಳಿದ್ದೋ, ಈ ಕುರ್ಚಿಯಲ್ಲಿ ಇನ್ನೊಂದು ದಿನ ಕೂರಲೆಂದು ತಳ್ಳಿದ್ದೋ, ಅದು ನಿನಗೆ ಸಾಯುವವರೆಗೆ ಗೊತ್ತಾಗುವುದಿಲ್ಲ.

"ಮೇಷ್ಟ್ರೇ?" ಎಂದರು ಅತ್ತೆ. ಫೋನನ್ನು ಎದೆಗೆ ಒತ್ತಿಕೊಂಡಿದ್ದರು. ನಗು ಅವರ ಮುಖದ ಮೇಲೆ ಇನ್ನೂ ಇತ್ತು, ಆದರೆ ಕಣ್ಣು ಅವನಲ್ಲಿ ನೆಟ್ಟಿತ್ತು. ಮೂವರೂ ಅವನನ್ನು ನೋಡುತ್ತಿದ್ದರು. ಅವನು ನೆಲದ ಮೇಲೆ ಹರಡಿದ್ದ ಕಾರ್ಡುಗಳನ್ನು ತಡಕಾಡಿದ. ನಿಧಾನ. ಅಳಬಹುದು. ಆಗಲ್ಲ ಅನ್ನಿ. ಮತ್ತೆ ನಿಧಾನ. ಇಪ್ಪತ್ತು ವರ್ಷದಲ್ಲಿ ಅವನು ಹೂಂ ಎನ್ನುವ ಕಾರ್ಡನ್ನೇ ಮಾಡಿರಲಿಲ್ಲ. ಅವನಿಗೆ ತಡೆಯಲಾಗಲಿಲ್ಲ, ಹೊಟ್ಟೆಯ ಆಳದಿಂದ ಅದೇ ಬುಗ್ಗೆ ಎದ್ದಿತು, ಅವನು ನಗುತ್ತಲೇ, ಬಾಯಿ ಬಿಟ್ಟು, ಫೋನಿಗೆ ಕೇಳುವಷ್ಟು ಗಟ್ಟಿಯಾಗಿ ಹೇಳಿದ: "ಆಗ್ಲಿ. ಹೂಂ ಅನ್ನಿ. ಕೊಡೋಣ."

"ಯಾರದು?" ಎಂದ ಗಂಟಲು.

"ನಮ್ಮ ಮೇಷ್ಟ್ರು ಕಣೋ" ಎಂದರು ಅತ್ತೆ. "ನೀನು ಎಲ್ಲಿಗೆ ಬರ್ಬೇಕು ಅದನ್ನ ಹೇಳು."

ಮೈದುನ ಚೀಲ ತೆಗೆದುಕೊಂಡು ಒಂದು ಗಂಟೆಗೆ ಹೊರಟ. ಸಿಟ್ಟು ಮಾಡಬೇಡ, ಮಾತಾಡಬೇಡ, ಸೀನಬೇಡ ಎಂದು ಮೆಟ್ಟಿಲ ತನಕ ಮೂವರೂ ಹೇಳಿ ಕಳಿಸಿದರು. ಆಮೇಲೆ ಮಾಡುವುದಕ್ಕೆ ಏನೂ ಉಳಿಯಲಿಲ್ಲ. ಅಂಥ ಹೊತ್ತಿನಲ್ಲಿ ಮನೆಗಳು ಕಲ್ಲಾಗುವುದನ್ನು ಅವನು ನೋಡಿದ್ದ. ಈ ಮನೆ ನೊರೆ ಬಂದ ಹಾಲಿನಂತೆ ಉಕ್ಕುತ್ತಿತ್ತು. ಅತ್ತೆ ಯಾವ ಪಾತ್ರೆಯನ್ನೋ ಎತ್ತಿ ಅದನ್ನೇ ಹುಡುಕುತ್ತಿದ್ದರು. "ಹರಿದು ನೋಡ್ಬೇಕಂತೆ!" ಎಂದು ಅಡಿಗೆಮನೆಯಿಂದ ಕೂಗುತ್ತಿದ್ದರು, ಮತ್ತೆ ಐದು ನಿಮಿಷ ಬಿಟ್ಟು, ಹೊಸದಾಗಿ ನೆನಪಾದವರಂತೆ, "ಕೈಯಾರೆ ಹಿಂಜಿದ್ನಂತೆ!" ಅವನು ಕಿಟಕಿಯ ಹತ್ತಿರ ಹೋಗಿ ಹೆಂಡತಿಯ ಪಕ್ಕ ನಿಂತ. ಕೆಳಗೆ ಬೀದಿಯಲ್ಲಿ ಒಬ್ಬ ಸೈಕಲ್ಲಿನ ಮೇಲೆ ಗಾಜಿನ ದೊಡ್ಡ ಹಲಗೆಯೊಂದನ್ನು ಕಟ್ಟಿಕೊಂಡು ಹೋಗುತ್ತಿದ್ದ, ಇಡೀ ಬೀದಿ ಆ ಗಾಜಿನಲ್ಲಿ ಓಲಾಡುತ್ತ ಅವನ ಜೊತೆಗೇ ಹೋಯಿತು.

"ಅವತ್ತು ನಕ್ಕಿದ್ದು ನಾನು ತಾಯಿ" ಎಂದ.

"ಗೊತ್ತು."

"ಗೊತ್ತಾ?"

"ನಿಮ್ಮ ಕೈಲಿ 'ಸುಮ್ಮನಿರಿ' ಅನ್ನೋ ಕಾರ್ಡಿತ್ತು" ಎಂದಳು. ತುಟಿ ಅದುರಿತು, ಕಚ್ಚಿಕೊಂಡಳು. "ನೀವು ಅಂತ ಗೊತ್ತಾಗಿದ್ರೆ ನನ್ನ ಮೈದುನ ಅವತ್ತೇ ನಿಮ್ಮನ್ನ ಗಂಟುಮೂಟೆ ಕಟ್ಟಿಸ್ತಿದ್ದ. ಆಮೇಲೆ ಇವರನ್ನ ಯಾರು ಕರ್ಕೊಂಡು ಬರ್ತಿದ್ರು? ನಾನು ನಕ್ರೆ ಏನು ಮಾಡ್ತಾರೆ, ಹೊರಗೆ ಹಾಕ್ತಾರಾ?"

"ಎರಡು ದಿನ ನೀವು ಊಟ ಬಿಟ್ರಿ."

"ನೀವು ನನ್ನ ಪಾಲಿಂದೂ ಮಾಡ್ತಿದ್ರಲ್ಲ" ಎಂದಳು. ಅವನು ಎಲ್ಲಿ ನೋಡಬೇಕೋ ತಿಳಿಯದೆ ಬೀದಿಯನ್ನು ನೋಡಿದ. ಅವಳು ಹೇಳಿದ್ದು ಚುಚ್ಚಲೆಂದಲ್ಲ. ಅದಕ್ಕೇ ಸರಿಯಾಗಿ ಚುಚ್ಚಿತು. ಎಷ್ಟು ಹೊತ್ತು ಹಾಗೆ ನಿಂತಿದ್ದರೋ. ನಾಲ್ಕಾಯಿತು. ನಾಲ್ಕೂಕಾಲು. ಅತ್ತೆಯ ಕೂಗು ನಿಂತಿತು. ನಾಲ್ಕೂವರೆ. ಕಂಬಳಿ ಹಾಸಿದ ಆ ಕೋಣೆಯ ಗಡಿಯಾರ ಇಲ್ಲಿ ಎಲ್ಲೋ ಹೊಡೆಯುತ್ತಿದೆ ಎನ್ನಿಸಿತು. ಆಗ ಕೆಳಗೆ ಯಂತ್ರ ನಿಂತಿತು. ಹಿಂಜುವವರು, ಹೊಲಿಯುವವರು, ಎಲ್ಲರೂ ಒಟ್ಟಿಗೆ ಏನೋ ಕೂಗಿದರು, ಮೆಟ್ಟಿಲ ಮೇಲೆ ಹೆಜ್ಜೆಯ ಸದ್ದಾಯಿತು, ಅವನಿಗೆ ಪರಿಚಯವಿಲ್ಲದ ಹೆಜ್ಜೆ.

ಅವನಂದುಕೊಂಡದ್ದಕ್ಕಿಂತ ಗಿಡ್ಡ ಮನುಷ್ಯ. ಗಡ್ಡ ಬೆಳೆದಿತ್ತು, ಯಾರದೋ ದೊಡ್ಡ ಚಪ್ಪಲಿ ಕಾಲಿನಿಂದ ಕಳಚಿ ಕಳಚಿ ಹೋಗುತ್ತಿತ್ತು, ಎಡಗಣ್ಣಿನ ಕೆಳಗೆ ಹಳೆಯ ಪೆಟ್ಟಿನ ಹಸಿರು. ಹೆಂಡತಿ ಅವನ ತೋಳನ್ನು ಎರಡೂ ಕೈಯಲ್ಲಿ ಹಿಡಿದುಕೊಂಡು ನಗತೊಡಗಿದಳು, ನಿಲ್ಲಿಸಲಾಗದೆ, ಉಸಿರುಕಟ್ಟಿ. ಅವನು ಅವಳ ತಲೆ ಸವರಿ "ಆಯ್ತು, ಆಯ್ತು ಮಾರಾಯ್ತಿ" ಎಂದ. ಅತ್ತೆ ಅಡಿಗೆಮನೆಯ ಬಾಗಿಲು ದಾಟಿ ಬರಲಿಲ್ಲ. "ಕೇಳೇ, ಮೊದಲು ಊಟ ಮಾಡ್ತಾರಾ ಅಂತ" ಎಂದರು ಮಗಳಿಗೆ. "ಮೊದಲು ಸ್ನಾನ ಅಂತ ಹೇಳು" ಎಂದ ಅಳಿಯ, ಹೆಂಡತಿಗೆ. ಆರು ವರ್ಷಕ್ಕೆ ಹನ್ನೊಂದು ದಿನ ಸೇರಿಸಿ ಗಾಡಿ ಮತ್ತೆ ಹಳೆಯ ಹಳಿಗೆ ಬಿತ್ತು. ಮೈದುನ ಒಂದೇ ಸಮ ಸೀನುತ್ತಿದ್ದ.

ಬಂದವನ ಜೊತೆ ಹತ್ತು ನಿಮಿಷ ಒಬ್ಬನೇ ಮಾತಾಡುವುದು ಕಚೇರಿಯ ಕಟ್ಟಳೆ. ಗವುಸಿನ ಬಟ್ಟೆಯ ಸುರುಳಿಗಳನ್ನು ಒಟ್ಟಿದ್ದ ಉಗ್ರಾಣದಲ್ಲಿ ಇಬ್ಬರೂ ಕೂತರು. ಹೊಡೆದರಾ, ಎಷ್ಟು ಜನ, ಯಾವ ಕಡೆಯ ಸದ್ದು ಕೇಳುತ್ತಿತ್ತು. ಯಜಮಾನ ಒಂದೊಂದೇ ಮಾತಿನಲ್ಲಿ ಉತ್ತರಿಸಿದ. ತನ್ನ ಬಟ್ಟೆಗಳ ನಡುವೆ ತಾನೇ ಅತಿಥಿಯಂತೆ ಕೂತಿದ್ದ. ಕೊನೆಗೆ ಇವನು ನಮೂನೆಯನ್ನು ತೊಡೆಯ ಮೇಲಿಟ್ಟುಕೊಂಡು ಕೇಳಿದ: "ಆ ಹಾಸಿಗೆಗೆ ನಿಜವಾಗ್ಲೂ ಏನು ತುಂಬಿದ್ರಿ?"

ಯಜಮಾನ ಬಾಗಿಲ ಕಡೆ ನೋಡಿದ. ದನಿ ತಗ್ಗಿಸಿದ. "ಹಳೇದೇ. ಮಾವನೇ ಕೇಳಿದ್ರು. ಹೊಸದು ಉಬ್ಬಿರತ್ತೆ, ಮೈಗೆ ಹೊಂದಲ್ಲ, ನನ್ನ ಹಾಸಿಗೇದೇ ಬಿಚ್ಚಿ ತುಂಬು, ನಲವತ್ತು ವರ್ಷ ಮಲಗಿದ್ದೀನಿ ಅದರಲ್ಲಿ, ಅಂದ್ರು. ಅವಳಿಗೆ ಹೇಳ್ಬೇಡ, ಅಳಿಯ ಹೊಸದು ಮಾಡ್ಸಿದ ಅಂತ ಎಲ್ರ ಹತ್ರ ಹೇಳ್ಕೊಂಡು ಸಂತೋಷ ಪಡ್ತಾಳೆ, ಅಂದ್ರು. ಹೇಳಲ್ಲ ಅಂದೆ. ಆಮೇಲೆ ಈಯಮ್ಮ ಕತ್ತರಿ ತಂದ್ರು. ನಾನೇನು ಮಾಡ್ಲಿ? ಮಾತು ಕೊಟ್ಟಾಗಿತ್ತು."

"ಆದ್ರೆ ಅಲ್ಲಿ... ತಪ್ಪು ಉತ್ತರ ಹೋದ್ರೆ ನಿಮ್ಮನ್ನ ಬಿಡಿಸೋದನ್ನೇ ನಾನು ನಿಲ್ಲಿಸಬಹುದಾಗಿತ್ತು."

"ನೀವಿರೋದು ನನಗೇನು ಗೊತ್ತು?" ಎಂದ ಯಜಮಾನ, ಬೇಸರವಿಲ್ಲದೆ. "ಪ್ರಶ್ನೆ ಅತ್ತೇದು ಅಂತ ಮಾತ್ರ ಗೊತ್ತಿತ್ತು. ಹಳೇದು ಅಂದಿದ್ರೆ ಅವರು ನಂಬ್ತಿರ್ಲಿಲ್ಲ. ಅವನು ಹೋಗ್ಬಿಟ್ಟ, ಇನ್ಯಾರೋ ಹೇಳಿದಾರೆ ಅಂತಿದ್ರು." ಎದ್ದು ನಿಂತ, ಚಪ್ಪಲಿಯನ್ನು ಕಾಲಿನಿಂದ ಹುಡುಕಿದ. "ಅವರಿಗೆ ಹೇಳ್ಬೇಡಿ."

ಅವನು ನಮೂನೆಯ ಎರಡು ಚೌಕಗಳನ್ನು ನೋಡಿದ. ಯಾವುದಕ್ಕೂ ಗೀಟು ಹಾಕದೆ ಮಡಚಿದ. ತಲೆ ಹಗುರಾಗಿ, ಅರಳೆಯ ಎಳೆಯೊಂದು ಒಳಗೆ ಹೊಕ್ಕಂತೆ ಗಿರ್ರೆನ್ನುತ್ತಿತ್ತು. ನಗಬೇಕೋ, ಆ ಬಟ್ಟೆಯ ಸುರುಳಿಗಳ ಮೇಲೆ ಮುಖವಿಟ್ಟು ಮಲಗಿಬಿಡಬೇಕೋ. ಹೊರಗೆ ಬಂದರೆ ಬಾಗಿಲ ಪಕ್ಕದಲ್ಲೇ ಅತ್ತೆ ನಿಂತಿದ್ದರು. ಒದ್ದೆ ಕೈ, ಒರೆಸಿಕೊಂಡಿರಲಿಲ್ಲ. ಹನ್ನೊಂದು ದಿನ ಎದುರೆದುರು ಕೂತು ನೋಡಿದ್ದ ಆ ಮುಖದಲ್ಲಿ ಈ ಹೆದರಿಕೆಯನ್ನು ಅವನು ಒಂದು ಸಲವೂ ಕಂಡಿರಲಿಲ್ಲ, ಗಂಟಲು ಮೊದಲ ದಿನ ಕಿರುಚಿದಾಗಲೂ.

"ನೀವು ಕೇಳಿದ್ರಾ?" ಎಂದರು, ಪಿಸುದನಿಯಲ್ಲಿ. "ಏನಂದ? ಮೈ ಮುರಿದು ಕಳ್ಸಿದಾರೆ, ಕಣ್ಣಿಗೆ ಹೊಡೆದಿದಾರೆ, ನೋಡ್ದೆ ನಾನು. ಹಟಾನೂ ಮುರಿದುಬಿಟ್ರಾ, ಹಳೇದು ಅಂದ್ನಾ?"

ಅವನ ಕೈಯಲ್ಲಿ ಯಾವ ಕಾರ್ಡೂ ಇರಲಿಲ್ಲ.

"ಇಲ್ಲಮ್ಮ" ಎಂದ. "ಹೊಸದೇ ಅಂತೆ. ಬೇಕಾದ್ರೆ ಹರಿದು ನೋಡ್ಲಿ ಅಂದ್ರು."

ಮುದುಕಿ ಕಣ್ಣು ಮುಚ್ಚಿದರು. "ಸದ್ಯ" ಎಂದರು. ಆಮೇಲೆ ಒದ್ದೆ ಕೈಯಲ್ಲೇ ಮುಖ ಒರೆಸಿಕೊಂಡು, ಬಚ್ಚಲಿನ ಕಡೆಗೆ ತಿರುಗಿ, ಇಡೀ ಮನೆಗೂ ಕೆಳಗಿನ ಆರು ಜನಕ್ಕೂ ಕೇಳುವಂತೆ ಕೂಗಿದರು: "ಹೇಳೇ ಆ ಸುಳ್ಳನಿಗೆ, ನೀರು ಕಾದಿದೆ ಅಂತ!"